ಎರಡು ಗಂಟಿನ ಹಸಿರು

"ಅರಮನೆ ಬ್ಯಾಡ ಕಣ್ರಲಾ, ಕಾಡು ಕಟ್ಟಿ! ಅರಮನೆ ಪರದೇಲಿ ಎಲ್ಡು ತೂತವೆ, ಬಿಸ್ಲು ನೇರ ಅವಳ ಮಕದ ಮ್ಯಾಲೇ ಬೀಳ್ತದೆ," ಎಂದು ಲಕ್ಕಮ್ಮ ಜಗಲಿಯ ಮೇಲಿಂದ ಕೂಗಿದಳು.

ಅಂಗಳದಲ್ಲಿ ಅರಮನೆಯನ್ನು ಅರ್ಧ ಎತ್ತಿದ್ದ ನಾಲ್ಕು ಜನ ಗಂಡಸರು ಅದನ್ನು ಹಾಗೇ ಕೆಳಗಿಳಿಸಿ ಸುತ್ತಿಟ್ಟರು. ಶಾಂತಿಗ್ರಾಮದ ಶಾಮಿಯಾನದವನಿಗೆ ಬೆಳಿಗ್ಗೆಯೇ ಫೋನು ಹೋಗಿತ್ತು. ಮದುವೆಗಳ ಕಾಲ, ಅವನ ಬಳಿ ಒಂದು ತುಂಡು ಬಟ್ಟೆಯೂ ಉಳಿದಿರಲಿಲ್ಲ. ಆದರೆ ನಾಟಕದ ಪರದೆ ಬರೆಯುವವರ ಮನೆಯಲ್ಲಿ ನೆರಳಿಗೆ ಬರವೇ? ಹಿಂದಿನ ಕೊಟ್ಟಿಗೆಯಲ್ಲಿ ಬಿದಿರಿನ ಗಳುಗಳಿಗೆ ಸುತ್ತಿಟ್ಟ ಅರಮನೆ, ಬೀದಿ, ದರ್ಬಾರು, ಹೂದೋಟಗಳು ಹನ್ನೆರಡೋ ಹದಿಮೂರೋ ಇದ್ದವು. ಗಂಡಸರು ಹೋಗಿ, ಕಾಡು ಎಂದು ಚೀಟಿ ಇದ್ದ ಒಂದನ್ನು ಹೊತ್ತು ತಂದು, ತೆಂಗಿನ ಮರಕ್ಕೂ ಮನೆಯ ಸೂರಿಗೂ ಹಗ್ಗ ಬಿಗಿದು ಅದನ್ನು ಬಿಚ್ಚಿ ಹರಡಿದರು.

ಬಿಚ್ಚಿದ ಮೇಲೆ ಎಲ್ಲರೂ ತಲೆಯೆತ್ತಿ ನೋಡಿದರು. ಕಾಡೇನೋ ಕಾಡೇ. ಆದರೆ ಮರಗಳೆಲ್ಲ ಕೆಂಪು. ಬುಡದಿಂದ ತುದಿಯವರೆಗೆ ಹುಡುಕಿದರೂ ಒಂದು ಹಸಿರು ಎಲೆ ಇಲ್ಲ. ಕೊಂಬೆಗಳ ಸಂದಿಯಲ್ಲಿ ಹಳದಿ ನಾಲಗೆಗಳು ಎದ್ದಿದ್ದವು. ಕೆಳಗಿನ ಮೂಲೆಯಲ್ಲಿ ಎಲ್ಲ ಪರದೆಗಳಲ್ಲಿಯೂ ಇರುವ ಹಾಗೆ 'ಕನಕರಾಜು, ಆರ್ಟಿಸ್ಟ್' ಎಂದು ನೀಲಿ ಅಕ್ಷರಗಳು.

"ಅಯ್ ಶಿವ್ನೆ, ಇದು ಬೆಂಕಿ ಕಾಡು! ಉರಿಯೋ ಕಾಡ ಎಣದ ಮ್ಯಾಲೆ ಕಟ್ತಾರೇನ್ರೋ? ಬಿಚ್ಚಿ, ಬಿಚ್ಚಿ," ಎಂದಳು ಲಕ್ಕಮ್ಮ.

"ಇರ್ಲಿ ಬುಡಕ್ಕ," ಎಂದ ಕನಕರಾಜು. ಬೆಳಗಿನಿಂದ ಕಂಬಕ್ಕೆ ಒರಗಿ ಕೂತವನು ಬಾಯಿಬಿಟ್ಟದ್ದು ಇದೇ ಮೊದಲು. "ಅದು ಅವಳ ಪರದೆ. ಇರ್ಲಿ."

ಎಪ್ಪತ್ತೆರಡರ ಮುದುಕ ಹೆಂಡತಿ ಸತ್ತ ದಿನ ಏನೋ ಅಂದರೆ ಅದಕ್ಕೆ ಅರ್ಥ ಕೇಳುವವರು ಯಾರು? ಪರದೆ ಉಳಿಯಿತು.

ಅದರ ನೆರಳಿನಲ್ಲಿ ಚಾಪೆಯ ಮೇಲೆ ಪುಟ್ಟತಾಯಮ್ಮ ಮಲಗಿದ್ದಳು. ಊರಿನವರು ಡೇರಿಗೆ ಹಾಲು ಹೊರುವ ಹೊತ್ತಿಗೆ ಉಸಿರು ನಿಂತಿತ್ತು. ಅರವತ್ತಾರು ವರ್ಷ, ಸಾಯುವ ವಯಸ್ಸೇನಲ್ಲ, ಆದರೆ ಎರಡು ತಿಂಗಳಿಂದ ಹೃದಯ ಸೋತಿತ್ತು. ಅರಿಶಿನ ಹಚ್ಚಿ ನೀರು ಹಾಕಿ ಹೆಂಗಸರು ಅವಳ ತವರಿನ ಕೆಂಪು ಸೀರೆ ಉಡಿಸಿದ್ದರು. ಆ ಸೀರೆಯನ್ನು ಅವಳ ತಮ್ಮ ಬೀರಲಿಂಗಯ್ಯ ಹೊಳೆನರಸೀಪುರದಲ್ಲಿ ಅಂಗಡಿ ಬಾಗಿಲು ತೆಗೆಸಿ ತಂದಿದ್ದ. ತಲೆಯ ಬಳಿ ಮಗಳು ಪ್ರೇಮಕುಮಾರಿ ಕೂತು ತಾಯಿಯ ಕೂದಲಿಗೆ ಮಲ್ಲಿಗೆ ಸಿಕ್ಕಿಸುತ್ತಿದ್ದಳು.

ಪುಟ್ಟತಾಯಮ್ಮ ಯಾರೆಂದು ಕೇಳಿದರೆ ಆ ಅಂಗಳದಲ್ಲೇ ಐದಾರು ಉತ್ತರ ಸಿಗುತ್ತಿದ್ದವು. ಮದುವೆ ಮನೆಯವರಿಗೆ ಅವಳು ಗೋಡೆಗೆ ಹಸೆ ಬರೆಯುವವಳು, ಸೋಬಾನೆ ಹೇಳುವವಳು. ಗೌರಿಹಬ್ಬಕ್ಕೆ ಕೆರೆಯ ಮಣ್ಣಿನಲ್ಲಿ ಗೌರಿ ಮಾಡಿಕೊಡುವವಳು. ಅರಕಲಗೂಡಿನ ನಾಟಕದವರಿಗೆ ರಾಜರ ಅಂಗಿಗೆ ಜರಿ ಹೊಲಿದವಳು. ಒಮ್ಮೆ ಅಲ್ಲಿ ರಾಣಿ ಪಾತ್ರದವಳ ಗಂಟಲು ಕಟ್ಟಿದಾಗ ಪರದೆಯ ಹಿಂದೆ ನಿಂತು ಅಷ್ಟೂ ಹಾಡು ಹಾಡಿದ್ದಳು. ಆರ್ಟಿಸ್ಟ್ ಯಾರು ಎಂದರೆ ಮಾತ್ರ ಎಲ್ಲರ ಬೆರಳೂ ಕಂಬದ ಕಡೆಗೇ ತಿರುಗುತ್ತಿತ್ತು. ಅವಳು ಆರ್ಟಿಸ್ಟ್ ಕನಕರಾಜುವಿನ ಹೆಂಡತಿ, ಅಷ್ಟೇ.

"ಏಳ್ಲಾ ಕನಕ," ಎಂದಳು ಲಕ್ಕಮ್ಮ. ಅವನ ಅಕ್ಕ ಅವಳು, ಎಂಬತ್ತರ ಹತ್ತಿರ. ಸಾವಾಗಲಿ ಮದುವೆಯಾಗಲಿ, ಪದ್ಧತಿ ಯಾವುದೆಂದು ಆ ಊರಿನವರು ಅವಳನ್ನೇ ಕೇಳುತ್ತಿದ್ದರು. "ಮುತ್ತೈದೆ ಸಾವು. ತವರ ಸೀರೆ ಆಯ್ತು. ಅದ್ರ ಮ್ಯಾಲೆ ನಿನ್ ಕೈಯ ಅಸ್ರು ಸೀರೆ ಒದಿಸ್ಬೇಕು. ಓಗು, ಪೆಟ್ಗೆ ತಗ್ದು ತತ್ತಾ."

"ನಾನು ತತ್ತೀನಿ ಬುಡತ್ತೆ, ಅಪ್ಪ ಬೆಳಗಿಂದ ನೀರೂ ಕುಡ್ದಿಲ್ಲ," ಎಂದಳು ಪ್ರೇಮಕುಮಾರಿ.

"ಆಗಾಕಿಲ್ಲ ಕಣವ್ವ. ನಮ್ ಕುಲ್ದಾಗೆ ಗಂಡನೇ ಆರುಸ್ಬೇಕು, ಗಂಡನೇ ತರ್ಬೇಕು. ಇನ್ನೊಬ್ರ ಕೈ ಸೋಕಬಾರ್ದು. ನಮ್ಮವ್ವಂಗೆ ನಮ್ಮಪ್ಪ ಅಂಗೇ ಮಾಡಿದ್ದ. ಓಗ್ಲಾ, ಒತ್ತಾಯ್ತದೆ."

ಕನಕರಾಜು ಕಂಬ ಹಿಡಿದು ಎದ್ದ. ಒಳಗೆ ಹೋಗುವ ಮೊದಲು ಒಮ್ಮೆ ತಲೆಯೆತ್ತಿ ಬೆಂಕಿ ಕಾಡನ್ನು ನೋಡಿದ.

*

ನಲವತ್ತೇಳು ವರ್ಷದ ಹಿಂದೆ ಆ ಕಾಡಿಗೆ ಬೆಂಕಿ ಇಟ್ಟವಳು ಪುಟ್ಟತಾಯಮ್ಮನೇ. ಮದುವೆಯಾಗಿ ಮೂರು ತಿಂಗಳಾಗಿತ್ತು. ಮಾವ ತೀರಿಕೊಂಡ ಮೇಲೆ ಅವನ ಕುಂಚ ಗಂಡನ ಕೈಗೆ ಬಂದಿತ್ತು. ಸಾಲಗಾಮೆಯ ನಾಟಕದವರು ಒಂದು ಕಾಡಿನ ಪರದೆ ಕೇಳಿದ್ದರು. ಗಂಡ ಗೆರೆ ಎಳೆದಿದ್ದ, ಮರುದಿನ ಬಣ್ಣ ತುಂಬುವುದಿತ್ತು. ಹೊಸ ಸೊಸೆಯಲ್ಲವೇ, ಮನೆ ಚೆಂದ ಕಾಣಲಿ ಎಂದು ಅವಳು ಬೆಳಿಗ್ಗೆ ಎದ್ದವಳೇ ಕೊಟ್ಟಿಗೆಯ ನೆಲ ಸಾರಿಸಿ, ಬಣ್ಣದ ಡಬ್ಬಿಗಳನ್ನೆಲ್ಲ ಒರೆಸಿ, ದೊಡ್ಡದರಿಂದ ಚಿಕ್ಕದಕ್ಕೆ ಸಾಲಾಗಿ ಜೋಡಿಸಿದಳು. ಆಮೇಲೆ ಬಟ್ಟೆ ಒಗೆಯಲು ಕೆರೆಗೆ ಹೋದಳು. ಮಧ್ಯಾಹ್ನ ಬಂದು ನೋಡಿದರೆ ಕಾಡು ಕೆಂಪಗಿತ್ತು.

ಕನಕರಾಜು ಕೊನೆಯ ಮರದ ಮುಂದೆ ನಿಂತು, ಕೈ ಹಿಂದೆ ಕಟ್ಟಿಕೊಂಡು, ಕೆಲಸ ಚೆನ್ನಾಗಿ ಬಂದಿದೆ ಎನ್ನುವ ಮುಖ ಮಾಡಿಕೊಂಡಿದ್ದ.

"ಇದೇನ್ರಿ, ಕಾಡಿಗೆ ಬೆಂಕಿ ಬಿದ್ದದಾ?" ಎಂದು ನಕ್ಕಳು. ಅವನು ನಗಲಿಲ್ಲ. ಅವಳು ಏನು ಕೇಳುತ್ತಿದ್ದಾಳೆಂದು ಅವನಿಗೆ ತಿಳಿಯಲೂ ಇಲ್ಲ.

ಅವಳು ಸುಮ್ಮನೆ ಹಿತ್ತಿಲಿಗೆ ಹೋದಳು. ಮೆಣಸಿನ ಗಿಡದಿಂದ ಒಂದು ಹಣ್ಣು, ಒಂದು ಕಾಯಿ ಕಿತ್ತು ತಂದು ಅಂಗೈಯಲ್ಲಿಟ್ಟು ಅವನ ಮುಂದೆ ಹಿಡಿದಳು. "ಇದ್ರಾಗೆ ಅಣ್ಣು ಯಾವ್ದು?"

ಅವನು ಬಹಳ ಹೊತ್ತು ನೋಡಿದ. ಆಮೇಲೆ ಮುಟ್ಟಿ, ಹಿಚುಕಿ ನೋಡಲು ಕೈ ಚಾಚಿದ. ಅವಳು ಅಂಗೈ ಮುಚ್ಚಿಕೊಂಡಳು.

ಅಪ್ಪನ ಕಾಲದಲ್ಲಿ ಡಬ್ಬಿಗಳ ಜಾಗ ಗೊತ್ತಿತ್ತು ಎಂದ ಅವನು. ಬಾಗಿಲ ಪಕ್ಕದ್ದು ಕೆಂಪು, ಅದರಾಚೆಯದು ಹಸಿರು. ಚಿಕ್ಕವನಿದ್ದಾಗ ತಪ್ಪು ಡಬ್ಬಿಗೆ ಕುಂಚ ಅದ್ದಿದ್ದಕ್ಕೆ ಕಪಾಳಕ್ಕೆ ಬಿಗಿಸಿಕೊಂಡು ಕಲಿತ ಲೆಕ್ಕ ಅದು. ಹಳದಿ, ನೀಲಿ ಚೆನ್ನಾಗಿ ಕಾಣುತ್ತವೆ. ಕೆಂಪು, ಹಸಿರು, ಕಂದು ಮಾತ್ರ ಮೂರೂ ಒಂದೇ, ನೆನೆದ ಮಣ್ಣಿನ ಬಣ್ಣ.

"ಯಾರ್ಗೂ ಯೋಳ್ಬ್ಯಾಡ ಪುಟ್ತಾಯಿ. ಬಣ್ಣ ಕಾಣ್ದೋನು ಪರದೆ ಬರೀತಾನೆ ಅಂದ್ರೆ ಊರೂರೇ ನಗ್ತದೆ. ಇದ್ ಬುಟ್ರೆ ನಂಗೆ ಬ್ಯಾರೆ ಕೆಲ್ಸ ಬರಾಕಿಲ್ಲ."

ಅವಳಿಗೆ ಹತ್ತೊಂಬತ್ತು ವರ್ಷ. ಗಂಡ ಅಳುವುದನ್ನು ಅವಳು ಅದೇ ಮೊದಲು ನೋಡಿದ್ದು. ಅವನು ಮುಖ ಒರೆಸಿಕೊಳ್ಳುವ ಮೊದಲೇ ಹೊರಗೆ ಸಾಲಗಾಮೆಯವರ ದನಿ ಕೇಳಿತು. ಪರದೆ ಎಲ್ಲಿಗೆ ಬಂತೆಂದು ನೋಡಲು ಮೂವರು ಬಂದಿದ್ದರು. ಬಾಗಿಲಲ್ಲೇ ನಿಂತು ಅವರು ಬಾಯಿ ತೆರೆದುಕೊಂಡರು.

"ಇದೇನಯ್ಯ, ಕಾಡು ಕೆಂಪಗದೆ?"

ಬಾಗಿಲ ಮರೆಯಿಂದ ಹೊಸ ಸೊಸೆಯ ದನಿ ಬಂತು. "ಕಾಡು ಸುಡೋ ಸೀನು ಬೇಕು ಅಂತ ನಿಮ್ಮೋರೇ ಯಾರೋ ಯೋಳಿದ್ರಂತಲ್ಲ. ಇನ್ನೂ ಬೆಂಕಿ ನಾಲ್ಗೆ ಬರೆಯೋದದೆ. ನಾಳೀಕೆ ಬನ್ನಿ."

ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಯೋಳಿದವನು ನೀನೇ ಇರಬೇಕು ಎಂದು ಪ್ರತಿಯೊಬ್ಬನಿಗೂ ಉಳಿದವರ ಮೇಲೆ ಅನುಮಾನ. ಅವರು ಹೋದ ಮೇಲೆ ಗಂಡ ಹೆಂಡತಿ ಇಬ್ಬರೂ ಸೇರಿ ಹಳದಿ ನಾಲಗೆಗಳನ್ನು ಬರೆದರು. ಆ ವರ್ಷ ಸಾಲಗಾಮೆಯಲ್ಲಿ ಪರದೆ ಮೇಲೆದ್ದಾಗ ಜನ ಎದ್ದು ನಿಂತು ಕೂಗಿದರಂತೆ. ಆರ್ಟಿಸ್ಟ್ ಕನಕರಾಜುವಿನ ಹೆಸರು ನಾಲ್ಕೂ ತಾಲ್ಲೂಕಿಗೆ ಹರಡಿದ್ದು ಅಲ್ಲಿಂದ.

ಮಾರನೆಯ ದಿನ ಅವಳು ಬಿಳಿ ದಾರ ತೆಗೆದುಕೊಂಡು ಡಬ್ಬಿಗಳ ಹಿಡಿಗೆ ಕಟ್ಟಿದಳು. ಕೆಂಪಿಗೆ ಒಂದು ಗಂಟು, ಹಸಿರಿಗೆ ಎರಡು, ಕಂದಿಗೆ ಮೂರು.

"ಹೆಸ್ರೇ ಬರೀಬೋದಲ್ಲ," ಎಂದ ಅವನು.

"ಬರೆದ್ರೆ ಬಂದೋರು ಓದ್ತಾರೆ. ಆರ್ಟಿಸ್ಟ್ ಡಬ್ಬಿಗೆ ಬಣ್ಣದ್ ಹೆಸ್ರು ಯಾಕೆ ಅಂತ ಕೇಳ್ತಾರೆ. ದಾರ ಯಾರ್ ಕಣ್ಗೂ ಬೀಳಾಕಿಲ್ಲ."

*

ಕೋಣೆಯ ಕಿಟಕಿ ತೆರೆದೇ ಇತ್ತು. ಕನಕರಾಜು ಟ್ರಂಕು ತೆಗೆದು, ಸೀರೆಗಳನ್ನು ಒಂದೊಂದಾಗಿ ಹೊರಗಿಟ್ಟ. ಹಳದಿಯದು, ನೀಲಿಯವು ಎರಡು, ಬಿಳಿ ಮೈಗೆ ನೀಲಿ ಹೂವಿನದು ಒಂದು, ಇವೆಲ್ಲ ಅವನಿಗೆ ಗುರುತು ಸಿಕ್ಕವು. ತಳದಲ್ಲಿ ಮಡಿಸಿಟ್ಟ ಮೂರು ರೇಷ್ಮೆ ಸೀರೆಗಳು ಉಳಿದವು. ಮೂರನ್ನೂ ಕಿಟಕಿಗೆ ಹಿಡಿದು ನೋಡಿದ, ಬಿಸಿಲಿಗೆ ಓರೆ ಮಾಡಿ ನೋಡಿದ. ಮೂರೂ ನೆನೆದ ಮಣ್ಣು.

ಹೋದ ತಿಂಗಳು ಹಾಸನದ ಆಸ್ಪತ್ರೆಯಿಂದ ಬಂದ ಮೇಲೆ ಅವಳು ಇದೇ ಟ್ರಂಕನ್ನು ಮಂಚದ ಹತ್ತಿರ ಎಳೆಸಿಕೊಂಡು ಒಂದು ಮಧ್ಯಾಹ್ನವೆಲ್ಲ ಸೂಜಿ ದಾರ ಹಿಡಿದು ಕೂತಿದ್ದಳು. ಏನು ಹೊಲೀತಿದ್ದೀಯ ಅಂದರೆ ಕುಪ್ಪಸದ ಗುಂಡಿ ಅಂದಿದ್ದಳು. ಆಗಲೇ ಕೇಳಬಹುದಿತ್ತು, ಹಸಿರು ಯಾವುದು ಎಂದು. ಆದರೆ ಉಸಿರಾಡುತ್ತಿರುವವಳನ್ನು ನಿನ್ನ ಹೆಣಕ್ಕೆ ಯಾವ ಸೀರೆ ಎಂದು ಕೇಳುವ ಗಂಡ ಯಾವನಿದ್ದಾನು?

ಯಾವುದೋ ಒಂದನ್ನು ಎತ್ತಿಕೊಂಡು ಹೋಗಿಬಿಡಬಹುದು. ತಪ್ಪಾದರೂ ಜನ ಏನೂ ಅನ್ನುವುದಿಲ್ಲ. ದುಃಖಕ್ಕೆ ಕಣ್ಣು ಮಂಜಾಗಿದೆ ಪಾಪ, ಅಂದುಕೊಳ್ಳುತ್ತಾರೆ. ಆದರೆ ಜೀವಮಾನವೆಲ್ಲ ತನಗೆ ಬಣ್ಣ ತೋರಿಸಿದವಳನ್ನು ತಪ್ಪು ಬಣ್ಣ ಹೊದಿಸಿ ಕಳಿಸುವುದೇ? ಮಗಳನ್ನು ಕರೆದು ಕೇಳಬಹುದು. ಕೇಳಿದರೆ ನಲವತ್ತೇಳು ವರ್ಷ ಅವಳು ಕಾಪಾಡಿದ್ದನ್ನು ಅವಳ ಹೆಣ ಎತ್ತುವ ಮೊದಲೇ ಬೀದಿಗಿಟ್ಟಂತೆ. ಕನಕರಾಜು ಸೀರೆಗಳನ್ನು ತೊಡೆಯ ಮೇಲಿಟ್ಟುಕೊಂಡು ನೆಲದ ಮೇಲೆ ಕುಸಿದು ಕೂತ.

ಕಿಟಕಿಯಾಚೆ ಯಾರೋ ಬಂದ ಸದ್ದಾಯಿತು. ಕೆಮ್ಮಿನಿಂದಲೇ ಜಿನ್ನಪ್ಪನೆಂದು ತಿಳಿಯಿತು. ಜಿನನಾಥಪುರದವನು, ಚನ್ನರಾಯಪಟ್ಟಣದಲ್ಲಿ ಬಣ್ಣದ ಅಂಗಡಿ. ಪುಟ್ಟತಾಯಮ್ಮ ಬಣ್ಣ ತರುತ್ತಿದ್ದದ್ದು ಅಲ್ಲಿಂದಲೇ. ಜಿನ್ನಪ್ಪ ಹೂವಿನ ಹಾರ ಹಾಕಿ, ಕೈಮುಗಿದು, ಜಗಲಿಯ ಮೇಲೆ ಕೂತ.

"ನಲವತ್ತು ವರ್ಷ ಬಂದ್ರು ನಮ್ಮಂಗಡಿಗೆ," ಎನ್ನುತ್ತಿದ್ದ ಜಿನ್ನಪ್ಪ. "ಕನಕರಾಜು ಎಲ್ಲೋ ಅರಕಲಗೂಡು ಕಡೆ ಕೆಲಸದ ಮೇಲಿದ್ರೆ, ಆಯಮ್ಮ ಬಣ್ಣ ತಗೊಂಡು ಅಲ್ಲೇ ಕೂತು, ಪೊಟ್ಟಣಕ್ಕೆಲ್ಲ ದಾರ ಕಟ್ಟಿ, ಬಸ್ಸಲ್ಲಿ ಕಳಿಸೋರು. ಕೆಂಪಿಗೆ ಒಂದು ಗಂಟು, ಹಸ್ರಿಗೆ ಎರಡು. ನಾನು ಹೆಸ್ರು ಬರ್ದು ಕೊಡ್ತೀನಮ್ಮ ಅಂದ್ರೆ, ಬ್ಯಾಡಿ ಸಾವ್ಕಾರ್ರೆ, ನಂಗೆ ಅಕ್ಷರ ಬರಾಕಿಲ್ಲ ಅನ್ನೋರು. ಅಂಗಡಿ ಹುಡುಗ್ರು ನಗೋರು, ಅಕ್ಷರ ಬರ್ದಿದ್ರೂ ಕಣ್ಣಿಲ್ವ ಈಯಮ್ಮಂಗೆ ಅಂತ. ಪಾಪ, ಓದಿದ್ರೆ ಎಲ್ಲೋ ಇರೋರು."

"ಅವ್ವಂಗೆ ಓದಕ್ಕೆ ಬತ್ತಿತ್ತಲ್ಲ," ಎಂದಳು ಪ್ರೇಮಕುಮಾರಿ. "ಏಳ್ನೇ ಕ್ಲಾಸು ಪಾಸಾಗಿದ್ಲು. ದಿನಾ ಅಪ್ಪಂಗೆ ಪೇಪರು ಓದಿ ಯೋಳೋಳು."

"ಹೌದಾ? ಮತ್ಯಾಕೆ ನಂಗೆ ಹಂಗಂದ್ರು?"

ಉತ್ತರ ಗೊತ್ತಿದ್ದವನು ಒಳಗೆ ನೆಲದ ಮೇಲೆ ಕೂತಿದ್ದ. ಅವಳು ಅಂಗಡಿಯಲ್ಲಿ ಹಾಗೆ ಹೇಳುತ್ತಿದ್ದಳೆಂದು ಅವನಿಗೂ ಈಗಲೇ ತಿಳಿದದ್ದು. ಗಂಡನ ಕುರುಡು ಮುಚ್ಚಲು ಅವಳು ಹೆಬ್ಬೆಟ್ಟಿನವಳಾಗಿದ್ದಳು. ಬಣ್ಣದಂಗಡಿಯ ಬೆಂಚಿನ ಮೇಲೆ ಕೂತು ನಲವತ್ತು ವರ್ಷ ನಗಿಸಿಕೊಂಡಿದ್ದಳು, ಮನೆಗೆ ಬಂದು ಒಂದು ದಿನವೂ ಹೇಳಿರಲಿಲ್ಲ.

*

ಒಮ್ಮೆ ಹಾಸನದಲ್ಲಿ ಅವನಿಗೆ ಸನ್ಮಾನ ಮಾಡಿದರು. ಹನ್ನೆರಡು ವರ್ಷದ ಹಿಂದಿನ ಮಾತು. ಊರೂರಲ್ಲಿ ಪರದೆಯ ಬದಲು ಫ್ಲೆಕ್ಸು ಬರಲು ಶುರುವಾಗಿತ್ತು. ಸಾಲಗಾಮೆಯವರು ಬೆಂಕಿ ಕಾಡನ್ನು ಹಿಂದಕ್ಕೆ ಕೊಟ್ಟು ಹೋಗಿದ್ದ ವರ್ಷವೇ ಅದು. ಕೆಲಸ ನಿಲ್ಲುವ ಹೊತ್ತಿಗೆ ಸನ್ಮಾನ ಶುರುವಾಗುವುದು ಎಲ್ಲ ಕಸುಬಿನಲ್ಲೂ ಇದ್ದದ್ದೇ. ಸಭೆಯವರು ಶಾಲು ಹೊದಿಸಿ, ಪೇಟ ತೊಡಿಸಿ, 'ಬಣ್ಣಗಳ ಒಡೆಯ' ಎಂದು ಬರೆದ ಫಲಕ ಕೊಟ್ಟು, ನಾಲ್ಕು ಮಾತಾಡಿ ಎಂದು ಮೈಕು ಮುಂದೆ ನಿಲ್ಲಿಸಿದರು.

ಹೇಳಿಬಿಡಬೇಕೆಂದು ಅವನು ಬಸ್ಸಿನಲ್ಲೇ ತೀರ್ಮಾನ ಮಾಡಿಕೊಂಡು ಬಂದಿದ್ದ. "ನಾನು ಗೆರೆ ಎಳ್ಯೋನು ಅಷ್ಟೇ," ಎಂದು ಶುರು ಮಾಡಿದ. ನಾಲ್ಕನೆಯ ಸಾಲಿನಲ್ಲಿ ಅವನ ಸ್ವೆಟರು ತೊಡೆಯ ಮೇಲಿಟ್ಟುಕೊಂಡು ಕೂತಿದ್ದ ಪುಟ್ಟತಾಯಮ್ಮ ನೆಟ್ಟಗೆ ಅವನನ್ನೇ ನೋಡಿ ತಲೆ ಅಲ್ಲಾಡಿಸಿದಳು. ಬೇಡ. ಅವನು ಮುಂದಿನ ಮಾತು ನುಂಗಿ, ಎಲ್ಲರಿಗೂ ನಮಸ್ಕಾರ ಎಂದು ಕೂತ. ಎಂಥ ವಿನಯ ಎಂದು ಜನ ಚಪ್ಪಾಳೆ ತಟ್ಟಿದರು.

ಬಸ್ಸಿನಲ್ಲಿ ಹಿಂದಿರುಗುವಾಗ ಅವನು ಶಾಲು ತೆಗೆದು ಅವಳ ಹೆಗಲಿಗೆ ಹಾಕಿದ.

"ಯಾವ್ ಬಣ್ಣ ಇದು?"

"ನಿಮ್ಗ್ಯಾಕೆ? ಬೆಚ್ಚಗದೆ."

"ಯಾಕ್ ಬ್ಯಾಡ ಅಂದೆ ಪುಟ್ತಾಯಿ?"

"ಇಷ್ಟು ದಿನ ನಡ್ಸಿ ಈಗ ನಗೆಪಾಟ್ಲಾಗೋದಾ? ಒಬ್ರು ಸುಮ್ನಿದ್ರೂ ಒಬ್ರು ಆಡ್ಕೊತಾರೆ. ನಿಮ್ಮನ್ನ ಯಾರಾದ್ರೂ ಆಡ್ಕೊಂಡ್ರೆ ನಂಗೆ ತಡೆಯಾಕಾಗಾಕಿಲ್ಲ."

ಶಾಂತಿಗ್ರಾಮ ದಾಟುವವರೆಗೆ ಅವಳು ಕಿಟಕಿಯಾಚೆ ನೋಡುತ್ತಿದ್ದಳು. ಆಮೇಲೆ, ಯಾರಿಗೋ ಹೇಳುವವಳಂತೆ ಅಂದಳು: "ಒಂದ್ಸಲ ಬರೀಬೇಕು ಅನ್ಸಿತ್ತು. ನಿಮ್ ಹೆಸ್ರು ಪಕ್ಕ, ಮೂಲೇಲಿ, ಸಣ್ಣಕ್ಕೆ. ಕುಂಚಾನೂ ಅದ್ದಿದ್ದೆ. ಆಮ್ಯಾಕೆ ಸುಮ್ನಾದೆ."

ಅವನು ಅವಳ ಹೆಗಲಿಂದ ಜಾರಿದ ಶಾಲನ್ನು ಮತ್ತೆ ಸರಿಮಾಡಿದ. ಅದೊಂದು ಮಾತು ಮಾತ್ರ ಹನ್ನೆರಡು ವರ್ಷ ಅವನನ್ನು ಬಿಟ್ಟು ಹೋಗಲಿಲ್ಲ.

*

ಕನಕರಾಜು ಹೊರಗೆ ಬಂದಾಗ ಅವನ ಎರಡೂ ಕೈಗಳ ಮೇಲೆ ಮೂರು ಸೀರೆಗಳಿದ್ದವು.

"ಮೂರ್ ಯಾಕ್ಲಾ? ಅಸ್ರುದು ಒಂದ್ ಸಾಕು," ಎಂದಳು ಲಕ್ಕಮ್ಮ.

"ಅಕ್ಕ, ಅಸ್ರು ಯಾವ್ದು ಅಂತ ನಂಗೆ ಗೊತ್ತಿಲ್ಲ."

"ಅಳ್ಬ್ಯಾಡ ಬುಡು, ಕಣ್ ಒರಸ್ಕೊಂಡು ನೋಡು."

"ಒರಸ್ಕೊಂಡ್ರೂ ಗೊತ್ತಾಗಾಕಿಲ್ಲ. ಇವತ್ತಲ್ಲ, ಯಾವತ್ತೂ ಗೊತ್ತಿರ್ನಿಲ್ಲ." ಅವನು ಜನರ ಕಡೆ ತಿರುಗಿದ. "ನಂಗೆ ಕೆಂಪು, ಅಸ್ರು, ಕಂದು ಮೂರೂ ಒಂದೇಯ. ಉಟ್ಟಿದಾಗ್ನಿಂದ. ಜಿನ್ನಪ್ಪೋರೆ, ಅವಳ್ಗೆ ಅಕ್ಷರ ಬತ್ತಿತ್ತು. ಆ ದಾರ ನಂಗೋಸ್ಕರ. ನಾನು ಗೆರೆ ಎಳೀತಿದ್ದೆ. ಯಾವ್ ಗೆರೆಗೆ ಯಾವ್ ಬಣ್ಣ, ಯಾವ್ದುಕ್ಕೆ ಯಾವ್ದು ಬೆರೆಸ್ಬೇಕು, ಎಲ್ಲಿ ಕತ್ಲು ಎಲ್ಲಿ ಬೆಳಕು, ಅದೆಲ್ಲ ಅವಳ್ದು. ನೀವು ನೋಡಿ ಕೈ ತಟ್ಟಿದ್ದೆಲ್ಲ ಅವಳ್ದು. ನನ್ ಹೆಸ್ರು ಬರ್ಕೊಂಡಿದ್ದೆ."

ಬೀರಲಿಂಗಯ್ಯನೇ ಮೊದಲು ಎದ್ದದ್ದು. ಅವನ ಮುಖ ಕೆಂಪೇರಿತ್ತು.

"ನಲ್ವತ್ತೇಳು ವರ್ಷ ಭಾವ! ನಮ್ಮಕ್ಕನ ತವರಿಗೆ ಒಂದ್ ಮಾತು ಯೋಳ್ನಿಲ್ವಲ್ಲ. ಅವಳ್ನ ಯಾರೂ ಒಂದ್ ಶಾಲು ಒದಿಸಿ ಕೂರಿಸ್ನಿಲ್ವಲ್ಲ!"

"ತಪ್ಪಾಯ್ತು ಕಣ ಬೀರಲಿಂಗ," ಎಂದ ಕನಕರಾಜು. ಬೀರಲಿಂಗಯ್ಯ ಇನ್ನೇನೋ ಹೇಳಹೊರಟವನು ಅಕ್ಕನ ಮುಖ ನೋಡಿ, ಹೆಗಲ ಮೇಲಿನ ಟವೆಲ್ಲಿನಿಂದ ಬಾಯಿ ಮುಚ್ಚಿಕೊಂಡು ಕೂತ.

ಜಿನ್ನಪ್ಪ ತಲೆ ತಗ್ಗಿಸಿದ್ದ. "ಹುಡುಗ್ರು ನಗುವಾಗ ನಾನೂ ಒಂದೆರಡು ಸಲ ನಕ್ಕಿದ್ದೆ," ಎಂದ, ಯಾರೂ ಕೇಳದಿದ್ದರೂ.

ಲಕ್ಕಮ್ಮನಿಗೆ ಮಾತ್ರ ಈಗ ಬೇರೆಯೇ ಪೀಕಲಾಟ. ತಮ್ಮನನ್ನು ನೋಡಿದಳು, ಸೀರೆಗಳನ್ನು ನೋಡಿದಳು. ಬೆರಳೆತ್ತಿ ತೋರಿಸಿದರೆ ಮುಗಿಯಿತು. ಆದರೆ ಆರಿಸುವುದು ಗಂಡನ ಕೆಲಸ, ಆ ಪದ್ಧತಿಯನ್ನು ಈಗಷ್ಟೇ ಎಲ್ಲರೆದುರು ಹೇಳಿದವಳು ಅವಳೇ. ಎತ್ತಿದ ಬೆರಳು ಹಾಗೇ ನಿಂತಿತು.

ಕನಕರಾಜು ಸೀರೆಗಳನ್ನು ಅಕ್ಕನ ಮುಂದೆ ಚಾಚಿದ. ಮೇಲಿನ ಸೀರೆಯ ಮಡಿಕೆ ಜಾರಿ ಸೆರಗು ಕೆಳಗೆ ಬಿಚ್ಚಿಕೊಂಡಿತು.

"ಅಪ್ಪ," ಎಂದಳು ಪ್ರೇಮಕುಮಾರಿ. "ಸೆರಗಿನ ತುದೀಲಿ ಏನೋ ಬಿಳೀ ದಾರ ನೇತಾಡ್ತಾ ಅದೆ."

ಅವನು ಸೀರೆಗಳನ್ನು ಹೆಂಡತಿಯ ಪಕ್ಕ ಚಾಪೆಯ ಮೇಲಿಟ್ಟು ಕೂತ. ಸೆರಗಿನ ತುದಿ ಹುಡುಕಿ ದಾರಕ್ಕೆ ಬೆರಳು ತಾಗಿಸಿದ. ಮೂರು ಗಂಟು. ಎರಡನೆಯ ಸೀರೆಯ ಮಡಿಕೆ ಬಿಚ್ಚಿ, ಅದರ ಸೆರಗನ್ನೂ ತಡಕಿದ. ಒಂದು ಗಂಟು. ಮೂರನೆಯದಕ್ಕೆ ಕೈ ಹಾಕುವಾಗಲೇ ಅವನ ಕಣ್ಣಿಂದ ನೀರು ಸುರಿಯುತ್ತಿತ್ತು, ನೋಡುವ ಅಗತ್ಯವೂ ಇರಲಿಲ್ಲ. ಹೆಬ್ಬೆರಳಿಗೂ ತೋರುಬೆರಳಿಗೂ ನಡುವೆ ಮೊದಲು ಒಂದು ಸಿಕ್ಕಿತು, ಅದರ ಬೆನ್ನಿಗೆ ಇನ್ನೊಂದು.

"ಇದು," ಎಂದ. "ಇದೇ ಅಸ್ರು. ಅಲ್ವೇನಕ್ಕ?"

"ಊಂ ಕಣ್ಲಾ," ಎಂದಳು ಲಕ್ಕಮ್ಮ. ಅಷ್ಟು ಹೇಳಿ ಅವಳೂ ಅತ್ತಳು.

ಕುಪ್ಪಸದ ಗುಂಡಿ ಎಂದಿದ್ದಳು. ಉಸಿರು ಸಾಲದೆ ದಿಂಬಿಗೆ ಒರಗಿಕೊಂಡು, ಇವನೊಬ್ಬನೇ ಈ ಟ್ರಂಕಿನ ಮುಂದೆ ಕೂರುವ ದಿನವನ್ನು ನೆನೆದು, ಯಾರನ್ನೂ ಕೇಳದೆ ಆರಿಸಿಕೊಳ್ಳಲಿ ಎಂದು ಹೊಲಿದಿದ್ದಳು. ಅವನು ಕಣ್ಣಿನಿಂದ ನೋಡುತ್ತ ಕೂತಿದ್ದ. ಕೈಯಿಂದ ತಡಕಿದ್ದರೆ ಗುಟ್ಟು ಗುಟ್ಟಾಗಿಯೇ ಉಳಿಯುತ್ತಿತ್ತು. ಹೇಳಿಬಿಟ್ಟದ್ದಕ್ಕೆ ಅವಳು ಬೈಯುತ್ತಿದ್ದಳೋ ಏನೋ. ಬೈದರೆ ಬೈಯಲಿ ಎನ್ನಿಸಿತು ಅವನಿಗೆ.

"ಚಿಕ್ಕೋಳಿದ್ದಾಗ ಡಬ್ಬಿ ದಾರ ಬಿಚ್ಚಿ ಗೊಂಬೆಗೆ ಜಡೆ ಕಟ್ಟಿದ್ದೆ," ಎಂದಳು ಪ್ರೇಮಕುಮಾರಿ ಮೆಲ್ಲಗೆ. "ಅವ್ವ ನಂಗೆ ಒಡ್ದಿದ್ದು ಅದೊಂದೇ ದಿನ. ಒಂದ್ ದಾರಕ್ಕೆ ಯಾಕಿಷ್ಟು ಒಡೀತಾಳೆ ಅಂತ ನಾನು ಎಲ್ಡು ದಿನ ಮಾತಾಡಿರ್ನಿಲ್ಲ."

ಅವನು ಹಸಿರು ಸೀರೆಯನ್ನು ಕೆಂಪು ಸೀರೆಯ ಮೇಲೆ ಹೊದಿಸಿದ. ಅವನ ಕಣ್ಣಿಗೆ ಎರಡೂ ಒಂದರಲ್ಲೊಂದು ಕಲೆತುಹೋದವು. ಲಕ್ಕಮ್ಮ ಕುಂಕುಮದ ಬಟ್ಟಲು ಹಿಡಿದಳು. ಹಣೆಗೆ ಇಡುವಾಗ ಅವನ ಬೆರಳು ತಪ್ಪಲಿಲ್ಲ. ಗೆರೆ, ಬೊಟ್ಟು, ದುಂಡಗೆ ಎಳೆಯುವುದು, ಇದು ಮಾತ್ರ ಯಾವತ್ತೂ ಅವನ ಕೆಲಸವೇ ಆಗಿತ್ತು.

*

ಮೂರು ಗಂಟೆಯ ಹೊತ್ತಿಗೆ ಹೊಲದ ಅಂಚಿನಲ್ಲಿ, ಅತ್ತೆ ಮಾವನ ಪಕ್ಕದಲ್ಲಿ ಮಣ್ಣು ಮಾಡಿದರು. ಮಣ್ಣು ಮುಚ್ಚುವ ಮೊದಲು ಬೀರಲಿಂಗಯ್ಯ ಭಾವನ ಕೈ ಹಿಡಿದು ಗುಂಡಿಯ ಅಂಚಿನವರೆಗೆ ಕರೆದುಕೊಂಡು ಹೋದ. ಹಿಡಿದ ಕೈಯನ್ನು ಅವನು ಮನೆಗೆ ಬರುವವರೆಗೂ ಬಿಡಲಿಲ್ಲ.

ಸ್ನಾನ ಮಾಡಿ, ಅವಳು ಮಲಗಿದ್ದ ಜಾಗದಲ್ಲಿ ಹಚ್ಚಿಟ್ಟ ದೀಪ ನೋಡಿ, ಜನ ಒಬ್ಬೊಬ್ಬರಾಗಿ ಹೊರಟರು. ಹಗ್ಗ ಬಿಚ್ಚಲು ಬಂದ ಗಂಡಸರು ಬೆಂಕಿ ಕಾಡಿನ ಒಂದು ತುದಿಯನ್ನು ಕೆಳಗಿಳಿಸಿದ್ದರು. ಕನಕರಾಜು ಒದ್ದೆ ಪಂಚೆಯಲ್ಲೇ ಕೊಟ್ಟಿಗೆಯ ಕಡೆಯಿಂದ ಬಂದ. ಕೈಯಲ್ಲಿ ಒಂದು ಡಬ್ಬಿ, ಒಂದು ಸಣ್ಣ ಕುಂಚ.

"ಇರಿ. ಅಂಗೇ ಇಡ್ಕೊಳಿ," ಎಂದ.

"ಸೂತಕದಾಗೆ ಕುಂಚ ಮುಟ್ಟಬಾರ್ದು ಕಣ್ಲಾ," ಎಂದಳು ಲಕ್ಕಮ್ಮ. ಅವನು ಕೇಳಿಸಿಕೊಂಡಂತೆ ಕಾಣಲಿಲ್ಲ. ಅವಳು ಸ್ವಲ್ಪ ಹೊತ್ತು ನಿಂತು ನೋಡಿ, ಜಗಲಿಯಿಂದಿಳಿದು ಬಂದು, ಅವನ ಕೈಯ ಡಬ್ಬಿ ತೆಗೆದುಕೊಂಡು ತಾನೇ ಹಿಡಿದು ನಿಂತಳು. ಡಬ್ಬಿಯ ಹಿಡಿಯಲ್ಲಿ ಮಾಸಿದ ದಾರವೊಂದು ಎರಡು ಗಂಟು ಬಿಗಿದುಕೊಂಡು ನೇತಾಡುತ್ತಿತ್ತು.

ಅವನು ಕೆಳಗಿನ ಮೂಲೆಯಲ್ಲಿ ಕುಕ್ಕರುಗಾಲಿನಲ್ಲಿ ಕೂತು, ನೀಲಿಯಲ್ಲಿದ್ದ ತನ್ನ ಹೆಸರಿನ ಪಕ್ಕ ಕುಂಚ ಊರಿದ. ಪು ಬರೆದ. ಬರೆದದ್ದು ಅವನಿಗೆ ಕಾಣಲಿಲ್ಲ, ಉರಿಯುವ ಮರಗಳಲ್ಲಿ ಸೇರಿಹೋಯಿತು. ಎಡಗೈಯ ಬೆರಳನ್ನು ಒದ್ದೆಯಾದ ಅಕ್ಷರದ ಅಂಚಿಗೆ ಇಟ್ಟು, ಅಲ್ಲಿಂದ ಮುಂದಕ್ಕೆ ಇನ್ನೊಂದು ಅಕ್ಷರ ಎಳೆದ.

"ಕಾಣ್ತದಾ ಪ್ರೇಮ?"

ಪ್ರೇಮಕುಮಾರಿ ಬಾಗಿಲ ಬಳಿಯಿಂದ ನೋಡುತ್ತಿದ್ದಳು. ಆ ಕೆಂಪು ಕಾಡಿನಲ್ಲಿ ಅಷ್ಟಗಲ ಮಾತ್ರ ಹಸಿರಾಗಿತ್ತು.

"ಕಾಣ್ತದೆ ಅಪ್ಪ. ಬರಿ."

ಅವನು ಒದ್ದೆಯ ಮೇಲೆ ಬೆರಳಿಟ್ಟು, ತನಗೆ ಕಾಣದ ಹೆಸರನ್ನು ಬರೆಯುತ್ತ ಹೋದ.